ಶ್ರುತಿ ಕೆಡದಂತೆ ಕಾಲವನ್ನು ಹಿಗ್ಗಿಸುವುದು ಹೇಗೆ?

ಸರಳೆ ವರಸೆಯನ್ನು ಕಲಿಯುವ ಬಾಲಕನೂ ಅದನ್ನು ಮೂರು ಕಾಲಗಳಲ್ಲಿ ಹಾಡುತ್ತಾನೆ. ಮೊದಲನೆಯ ಕಾಲದಲ್ಲಿ ತಾಳದ ಒಂದು ಅಕ್ಷರಕ್ಕೆ ಒಂದು ಸ್ವರ, ಎರಡನೆಯದರಲ್ಲಿ ಎರಡು, ಮೂರನೆಯದರಲ್ಲಿ ನಾಲ್ಕು. ಆದಿತಾಳದ ಒಂದು ಆವರ್ತದಲ್ಲಿ ಮೊದಲು 8 ಸ್ವರಗಳಿದ್ದರೆ ಕೊನೆಗೆ 32 ತುಂಬುತ್ತವೆ. ಇಷ್ಟಾದರೂ ಅವನ ಷಡ್ಜವು ತಂಬೂರಿಯ ಷಡ್ಜವನ್ನು ಬಿಟ್ಟು ಕದಲುವುದಿಲ್ಲ. ಇದರಲ್ಲಿ ಆಶ್ಚರ್ಯವೇನೆಂದು ವಾಚಕರು ಕೇಳಬಹುದು. ಬಾಲಕನು ಲೀಲೆಯಿಂದ ಮಾಡುವ ಈ ಕಾರ್ಯವು ಯಂತ್ರಗಳಿಗೆ ಬಹುಕಾಲ ದುಸ್ಸಾಧ್ಯವಾಗಿತ್ತೆಂಬುದೇ ಆಶ್ಚರ್ಯ.

ಗ್ರಾಮಫೋನು ತಟ್ಟೆಯನ್ನು ತೆಗೆದುಕೊಳ್ಳೋಣ. ಗಾಯಕನ ಧ್ವನಿಯ ಕಂಪನಗಳು ತಟ್ಟೆಯ ಗೀರಿನಲ್ಲಿ ಅಂಕುಡೊಂಕುಗಳಾಗಿ ಅಚ್ಚೊತ್ತಿರುತ್ತವೆ. ಮುಳ್ಳು ಸೆಕೆಂಡಿಗೆ ಎಷ್ಟು ಡೊಂಕುಗಳನ್ನು ದಾಟುವುದೋ ಅಷ್ಟು ಕಂಪನಗಳು ನಮ್ಮ ಕಿವಿಗೆ ಬೀಳುತ್ತವೆ. ಕಂಪನಸಂಖ್ಯೆ ಅರ್ಧವಾದರೆ ಸ್ವರವು ಒಂದು ಸ್ಥಾಯಿ ಕೆಳಗಿಳಿಯುತ್ತದೆ. ನಿಮಿಷಕ್ಕೆ 78 ಸುತ್ತು ತಿರುಗಬೇಕಾದ ತಟ್ಟೆಯನ್ನು ಮೂವತ್ತಮೂರೂ ಮೂರನೇ ಒಂದು ಸುತ್ತಿನ ವೇಗದಲ್ಲಿ ತಿರುಗಿಸಿದರೆ ಹಾಡು 2.34 ಪಟ್ಟು ದೀರ್ಘವಾಗುತ್ತದೆ. ಕಂಪನಸಂಖ್ಯೆಯೂ ಅಷ್ಟೇ ಪಟ್ಟು ತಗ್ಗಿ, ಕೋಗಿಲೆ ಕಂಠದ ಗಾಯಕಿ ಗುಹೆಯೊಳಗಿಂದ ಗೊಗ್ಗರು ದನಿಯಲ್ಲಿ ಹಾಡಿದಂತಾಗುತ್ತದೆ. ಇಲ್ಲಿ ಕಾಲವೂ ಶ್ರುತಿಯೂ ಒಂದೇ ಹಗ್ಗದ ಎರಡು ತುದಿಗಳು.

ಇದು ಬರಿಯ ವಿನೋದವಲ್ಲ. ಕಲ್ಕತ್ತೆಯಲ್ಲಿ ಗೌಹರ್ ಜಾನ್ ಅವರ ಗಾಯನ ಮುದ್ರಿತವಾದದ್ದು 1902ರಲ್ಲಿ. ಆ ಕಾಲದ ತಟ್ಟೆಗಳೆಲ್ಲ ಒಂದೇ ವೇಗದವಲ್ಲ; 78 ಸುತ್ತುಗಳ ರೂಢಿ ನೆಲೆಗೊಂಡದ್ದು 1920ರ ದಶಕದಲ್ಲಿ. 74 ಸುತ್ತುಗಳಲ್ಲಿ ಮುದ್ರಿಸಿದ ತಟ್ಟೆಯನ್ನು 78ರಲ್ಲಿ ನುಡಿಸಿದರೆ ಶ್ರುತಿ ಹೆಚ್ಚುಕಡಿಮೆ ಅರ್ಧ ಮನೆ ಏರುತ್ತದೆ. ಐದು ಮನೆ ಶ್ರುತಿಯಲ್ಲಿ ಹಾಡಿದವರು ಐದೂವರೆಯಲ್ಲಿ ಹಾಡಿದರೆಂದು ನಾವು ತಪ್ಪಾಗಿ ತಿಳಿಯುತ್ತೇವೆ. ಅವರ ಲಯವನ್ನೂ ಇದ್ದುದಕ್ಕಿಂತ ಚುರುಕೆಂದು ಭಾವಿಸುತ್ತೇವೆ. ಹಳೆಯ ಗಾಯಕರ ಪದ್ಧತಿಯನ್ನು ಕುರಿತು ವಾದಿಸುವವರು ಮೊದಲು ತಟ್ಟೆಯ ವೇಗವನ್ನು ವಿಚಾರಿಸುವುದು ಲೇಸು.

ಈ ಹಗ್ಗವನ್ನು ತುಂಡರಿಸುವ ಮಾರ್ಗವನ್ನು ಸ್ಪಷ್ಟವಾಗಿ ವಿವರಿಸಿದವರು ಹಂಗೆರಿಯಲ್ಲಿ ಹುಟ್ಟಿ ಇಂಗ್ಲೆಂಡಿನಲ್ಲಿ ನೆಲಸಿದ ಡೆನಿಸ್ ಗೇಬರ್. ಹಾಲೊಗ್ರಫಿಗಾಗಿ 1971ರಲ್ಲಿ ನೊಬೆಲ್ ಪಾರಿತೋಷಿಕ ಪಡೆದವರು ಇವರೇ. 1946ರ ತಮ್ಮ ಪ್ರಬಂಧದಲ್ಲಿ ಇವರು ಶಬ್ದವನ್ನು ಅಖಂಡ ಪ್ರವಾಹವೆಂದಲ್ಲದೆ ಸಣ್ಣ ಸಣ್ಣ ಕಣಗಳ ಸಮೂಹವೆಂದು ಪರಿಗಣಿಸಿದರು. ಹೂಮಾಲೆಯನ್ನು ಉದ್ದ ಮಾಡಬೇಕಾದರೆ ನಾವು ಹೂಗಳನ್ನು ಹಿಡಿದೆಳೆಯುವುದಿಲ್ಲ. ಅಂಥವೇ ಇನ್ನಷ್ಟು ಹೂಗಳನ್ನು ಪೋಣಿಸುತ್ತೇವೆ. ಹಾಗೆಯೇ ಶಬ್ದವನ್ನು ಸೆಕೆಂಡಿನ ಇಪ್ಪತ್ತನೆಯ ಅಥವಾ ಮೂವತ್ತನೆಯ ಒಂದಂಶದಷ್ಟು ಚೂರುಗಳಾಗಿ ಮಾಡಿ, ಕೆಲವನ್ನು ಮರುಕಳಿಸಿದರೆ ಹಾಡು ಹಿಗ್ಗುತ್ತದೆ. ಕೆಲವನ್ನು ತೆಗೆದುಹಾಕಿದರೆ ಕುಗ್ಗುತ್ತದೆ. ಚೂರಿನ ಒಳಗಿನ ಕಂಪನಗಳನ್ನು ಯಾರೂ ಮುಟ್ಟದಿರುವುದರಿಂದ ಶ್ರುತಿ ಹಾಗೆಯೇ ಉಳಿಯುತ್ತದೆ.

1954ರಲ್ಲಿ ಅಮೆರಿಕದ ಇಲಿನಾಯ್ ವಿಶ್ವವಿದ್ಯಾನಿಲಯದ ಫೇರ್‌ಬ್ಯಾಂಕ್ಸ್ ಮತ್ತು ಅವರ ಸಂಗಡಿಗರು ತಿರುಗುವ ಓದುಶಿರಗಳಿಂದ ಟೇಪಿನ ಮೇಲೆ ಇದನ್ನೇ ಸಾಧಿಸಿದರು. 1966ರಲ್ಲಿ ಬೆಲ್ ಪ್ರಯೋಗಾಲಯದ ಫ್ಲಾನಗನ್ ಮತ್ತು ಗೋಲ್ಡನ್ ಬೇರೊಂದು ದಾರಿ ಹಿಡಿದು, ಶಬ್ದವನ್ನು ಅದರ ಘಟಕ ಕಂಪನಗಳಾಗಿ ಬಿಡಿಸಿ ಮತ್ತೆ ಕಟ್ಟುವ ಗಣಿತವನ್ನು ಒದಗಿಸಿದರು. ಇಂದು ವಿದ್ಯಾರ್ಥಿಗಳು ತಮ್ಮ ಮೊಬೈಲಿನಲ್ಲಿ ಉಪನ್ಯಾಸವನ್ನು ಒಂದೂವರೆ ಪಟ್ಟು ವೇಗದಲ್ಲಿ ಕೇಳಿದರೂ ಅಧ್ಯಾಪಕರ ದನಿ ಕೀಚಲಾಗದಿರುವುದು ಇಂಥ ಉಪಾಯಗಳ ಫಲ.

ಆದರೆ ಚೂರಿನ ಉದ್ದ ಎಷ್ಟಿರಬೇಕು? ತೊಡಕು ಇರುವುದು ಇಲ್ಲಿಯೇ. ಸೆಕೆಂಡಿಗೆ 440 ಮತ್ತು 441 ಕಂಪನಗಳ ಎರಡು ನಾದಗಳು ಒಂದು ಸೆಕೆಂಡಿನಲ್ಲಿ ಒಂದೇ ಒಂದು ಕಂಪನದಷ್ಟು ಅಗಲುತ್ತವೆ. ಅವು ಬೇರೆ ಬೇರೆಯೆಂದು ಅರಿಯಲು ಸುಮಾರು ಅಷ್ಟು ಹೊತ್ತು ಕಾಯಲೇಬೇಕು. ಎಂದರೆ ಶ್ರುತಿಯ ಸೂಕ್ಷ್ಮಕ್ಕೆ ಉದ್ದವಾದ ಚೂರು ಅಗತ್ಯ. ಮೃದಂಗದ ಪೆಟ್ಟಾದರೋ ಕ್ಷಣಾರ್ಧದಲ್ಲಿ ಹುಟ್ಟುವಂಥದು. ಉದ್ದವಾದ ಚೂರಿನಲ್ಲಿ ಅದು ಮಸುಕಾಗುತ್ತದೆ, ಇಲ್ಲವೆ ಒಂದು ಪೆಟ್ಟು ಎರಡಾಗಿ ಕೇಳಿಸುತ್ತದೆ. ಚೂರನ್ನು ಕಿರಿದುಮಾಡಿದರೆ ಪೆಟ್ಟು ಹರಿತವಾಗುತ್ತದೆ, ತಂಬೂರಿ ಒರಟಾಗುತ್ತದೆ. ಕಾಲದ ಅನಿಶ್ಚಯವನ್ನು ಕಂಪನಸಂಖ್ಯೆಯ ಅನಿಶ್ಚಯದಿಂದ ಗುಣಿಸಿದಾಗ ಬರುವ ಲಬ್ಧವು ಒಂದು ಮಿತಿಗಿಂತ ಕೆಳಗೆ ಇಳಿಯದೆಂದು ಗೇಬರ್ ತೋರಿಸಿದ್ದರು. ಪರಮಾಣುಲೋಕದಲ್ಲಿ ಹೈಸನ್‌ಬರ್ಗ್ ಕಂಡ ನಿಯಮದ ಹಿಂದೆಯೂ ಇದೇ ಗಣಿತವಿದೆ. ಆದುದರಿಂದ ಈ ತೊಡಕು ಯಂತ್ರದ ಲೋಪವಲ್ಲ. ಪೆಟ್ಟುಗಳನ್ನು ಮೊದಲೇ ಗುರುತಿಸಿ, ಅವನ್ನು ಹಿಗ್ಗಿಸದೆ, ನಡುವಣ ನಾದವನ್ನು ಮಾತ್ರ ಹಿಗ್ಗಿಸುವುದು ಇಂದಿನ ತಂತ್ರಜ್ಞರು ಮಾಡಿಕೊಂಡಿರುವ ಒಂದು ರಾಜಿ.

ಬಾಲಕನಿಗೂ ಯಂತ್ರಕ್ಕೂ ಇನ್ನೊಂದು ಅಂತರವುಂಟು. ತೋಡಿಯ ಗಾಂಧಾರವನ್ನು ವಿಲಂಬಕಾಲದಲ್ಲಿ ಹಾಡುವ ಗಾಯಕನು ಅದನ್ನು ಹಲವು ಸಲ ತೂಗುತ್ತಾನೆ. ದ್ರುತದಲ್ಲಿ ಒಂದೇ ಸಲ ತೂಗಿ ಮುಂದೆ ಸಾಗುತ್ತಾನೆ. ಅವನು ಕಾಲವನ್ನು ಕುಗ್ಗಿಸುವಾಗ ಗಮಕವನ್ನೂ ಹೊಸದಾಗಿ ರೂಪಿಸಿಕೊಳ್ಳುತ್ತಾನೆ. ಯಂತ್ರಕ್ಕೆ ಈ ವಿವೇಕವಿಲ್ಲ. ಅರ್ಧ ವೇಗಕ್ಕೆ ಇಳಿಸಿದಾಗ ಸೆಕೆಂಡಿಗೆ ಆರು ಸಲ ತೂಗುತ್ತಿದ್ದ ಸ್ವರ ಮೂರೇ ಸಲ, ಉಯ್ಯಾಲೆಯಂತೆ, ತೂಗುತ್ತದೆ. ಕಠಿಣವಾದ ಸಂಗತಿಯೊಂದನ್ನು ಹೀಗೆ ನಿಧಾನಗೊಳಿಸಿ ಆಲಿಸುವ ವಿದ್ಯಾರ್ಥಿಗೆ ಸ್ವರಗಳ ಸಾಲು ನಿಸ್ಸಂದೇಹವಾಗಿ ತಿಳಿದೀತು. ವಿಲಂಬದ ಗಮಕವನ್ನು ಮಾತ್ರ ಅವನು ಗುರುಮುಖದಿಂದಲೇ ಕೇಳಬೇಕು.