ಎಐ ಆ್ಯಪ್ ತಡವರಿಸುವುದೆಲ್ಲಿ? ಕಾಲ್‌ಬ್ಯಾಕ್ ಲೆಕ್ಕ ಕೊಡುತ್ತದೆ

ರೈತರಿಗೆ ಕನ್ನಡದಲ್ಲೇ ಸಲಹೆ ನೀಡುವ ಎಐ ಆ್ಯಪ್ ಒಂದಿದೆ ಎಂದಿಟ್ಟುಕೊಳ್ಳಿ. ‘ಅಡಿಕೆಗೆ ಕೊಳೆರೋಗ ತಗುಲಿದೆ, ಈ ವಾರ ಔಷಧಿ ಹೊಡೆಯಬಹುದೇ?’ ಎಂದು ಕೇಳಿದರೆ ಪರದೆ ಹನ್ನೆರಡು ಸೆಕೆಂಡು ಸುಮ್ಮನಿರುತ್ತದೆ. ತಡವಾದದ್ದು ಕೈಪಿಡಿಗಳಲ್ಲಿ ಮಾಹಿತಿ ಹುಡುಕುವ ರಿಟ್ರೀವರ್‌ನಲ್ಲೋ, ಹವಾಮಾನ ವಿವರ ತರುವ ಟೂಲ್‌ನಲ್ಲೋ, ಉತ್ತರ ಬರೆಯುವ ಭಾಷಾ ಮಾದರಿಯಲ್ಲೋ? ಲೆಕ್ಕವಿಲ್ಲದಿದ್ದಾಗ ಮಾದರಿಯ ಮೇಲೆ ಗೂಬೆ ಕೂರಿಸುವುದೇ ಸುಲಭ.

ಆ ಲೆಕ್ಕ ಇಡುವುದು ಕಾಲ್‌ಬ್ಯಾಕ್ ಹ್ಯಾಂಡ್ಲರ್. ಸ್ಟೇಜು ಬಂದಾಗಲೆಲ್ಲ ವೇಬಿಲ್ ತುಂಬುವ ಬಸ್ ಕಂಡಕ್ಟರನಂತೆ ಅದು. ಬಸ್ ಓಡಿಸುವುದಿಲ್ಲ, ಎಲ್ಲಿ ಏನಾಯಿತೆಂದು ಬರೆದಿಡುತ್ತದೆ. ಎಐ ಆ್ಯಪ್ ಕಟ್ಟಲು ನೆರವಾಗುವ, 2022ರಲ್ಲಿ ಮುಕ್ತ ತಂತ್ರಾಂಶವಾಗಿ ಹೊರಬಂದ ಲ್ಯಾಂಗ್‌ಚೈನ್‌ನಲ್ಲಿ ಈ ಸೌಲಭ್ಯವಿದೆ. ಪೈಥಾನ್ ಬಲ್ಲವರು ಅದನ್ನು ಅಳವಡಿಸಿಕೊಳ್ಳುವ ಬಗೆ ಹೀಗೆ.

1. ಏನನ್ನು ಗಮನಿಸಬೇಕು?

ಮೊದಲು ಆ್ಯಪ್‌ನ ಭಾಗಗಳನ್ನು ಪಟ್ಟಿ ಮಾಡಬೇಕು. ಮಾದರಿ, ರಿಟ್ರೀವರ್, ಟೂಲ್, ಇವನ್ನೆಲ್ಲ ಹೆಣೆಯುವ ಚೈನ್: ಪ್ರತಿಯೊಂದಕ್ಕೂ ಶುರು, ಮುಕ್ತಾಯ, ದೋಷ ಎಂಬ ಮೂರು ಘಟನೆಗಳಿವೆ. ಎಲ್ಲಕ್ಕೂ ಕೋಡ್ ಬರೆಯಬೇಕಿಲ್ಲ, ಬೇಕಾದವಷ್ಟೇ ಸಾಕು.

2. ಹ್ಯಾಂಡ್ಲರ್ ಬರೆಯುವುದು

‘ಬೇಸ್ ಕಾಲ್‌ಬ್ಯಾಕ್ ಹ್ಯಾಂಡ್ಲರ್’ ಎಂಬ ಕ್ಲಾಸ್‌ನಿಂದ ತಮ್ಮದೊಂದು ಕ್ಲಾಸ್ ಮಾಡಿಕೊಂಡು, ಅದರಲ್ಲಿ ‘ಆನ್ ರಿಟ್ರೀವರ್ ಸ್ಟಾರ್ಟ್’, ‘ಆನ್ ಟೂಲ್ ಎಂಡ್’ ಮುಂತಾದ ಮೆಥಡ್‌ಗಳನ್ನು ಬರೆಯಬೇಕು. ಕೋಡಿನಲ್ಲಿ ಮೆಥಡ್ ಹೆಸರಿನ ಪದಗಳ ನಡುವೆ ಅಂಡರ್‌ಸ್ಕೋರ್ ಬರುತ್ತದೆ. ಹೊಸಬರು ಎಡವುವುದು ಚಾಟ್ ಮಾದರಿಗಳಲ್ಲಿ: ಶುರುವಿಗೆ ‘ಆನ್ ಚಾಟ್ ಮಾಡೆಲ್ ಸ್ಟಾರ್ಟ್’ ಇದ್ದರೂ ಮುಕ್ತಾಯ ಮಾತ್ರ ‘ಆನ್ ಎಲ್‌ಎಲ್‌ಎಂ ಎಂಡ್’ನಲ್ಲೇ ಸಿಗುತ್ತದೆ.

ಪ್ರತಿ ಘಟನೆಯ ಜೊತೆ ‘ರನ್ ಐಡಿ’ ಎಂಬ ಗುರುತು ಬರುತ್ತದೆ. ಶುರುವಿನ ಸಮಯವನ್ನು ಆ ಐಡಿಯ ಹೆಸರಿನಲ್ಲಿ ಡಿಕ್ಷನರಿಯಲ್ಲಿ ಇಟ್ಟು, ಮುಗಿದ ಸಮಯದಿಂದ ಅದನ್ನು ಕಳೆದರೆ ಹಿಡಿದ ಸೆಕೆಂಡುಗಳು ಸಿಗುತ್ತವೆ. ಒಂದೇ ವೇರಿಯೇಬಲ್‌ನಲ್ಲಿ ಸಮಯ ಇಟ್ಟರೆ, ಇಬ್ಬರು ಒಟ್ಟಿಗೆ ಪ್ರಶ್ನೆ ಕೇಳಿದಾಗ ಲೆಕ್ಕ ಕಲಸುಮೇಲೋಗರ. ‘ಪೇರೆಂಟ್ ರನ್ ಐಡಿ’ಯಿಂದ ಯಾವ ಕೆಲಸ ಯಾವುದರ ಒಳಗೆ ನಡೆಯಿತೆಂಬುದೂ ತಿಳಿಯುತ್ತದೆ.

ರಿಟ್ರೀವರ್ ಮುಗಿದಾಗ ಸಮಯವಷ್ಟೇ ಅಲ್ಲ, ಸಿಕ್ಕ ದಾಖಲೆಗಳ ಸಂಖ್ಯೆಯನ್ನೂ ಬರೆದಿಡುವುದು ಒಳ್ಳೆಯದು. ಉತ್ತರ ತಪ್ಪಾದ ದಿನ ಅಲ್ಲಿ ಸೊನ್ನೆ ಕಂಡರೆ, ಹುಳುಕು ಇರುವುದು ಹುಡುಕಾಟದಲ್ಲಿ.

3. ಜೋಡಿಸುವುದು

ಪ್ರಶ್ನೆ ಕಳಿಸುವ ‘ಇನ್‌ವೋಕ್’ ಕರೆಯಲ್ಲಿ, ಕಾನ್ಫಿಗ್‌ನ ‘ಕಾಲ್‌ಬ್ಯಾಕ್ಸ್’ ಪಟ್ಟಿಗೆ ಹ್ಯಾಂಡ್ಲರ್ ಸೇರಿಸಿದರೆ ಅದು ಒಳಗಿನ ಭಾಗಗಳಿಗೂ ಹಬ್ಬುತ್ತದೆ. ಮಾದರಿಯನ್ನು ಸೃಷ್ಟಿಸುವಾಗಲೇ ಕೊಟ್ಟರೆ ಆ ಮಾದರಿಗಷ್ಟೇ ಸೀಮಿತ. ಪೈಥಾನ್ 3.10 ಅಥವಾ ಅದಕ್ಕಿಂತ ಹಳೆಯದರಲ್ಲಿ ಅಸಿಂಕ್ ಕೋಡ್ ಇದ್ದರೆ, ಸ್ವಂತ ಟೂಲ್‌ಗಳೊಳಗಿನ ಕರೆಗಳಿಗೆ ಕಾನ್ಫಿಗ್ ಅನ್ನು ಕೈಯಾರೆ ದಾಟಿಸಬೇಕು.

4. ಟೋಕನ್ ಎಣಿಸುವುದು

ಅನೇಕ ಮಾದರಿಗಳ ಬಿಲ್ ಟೋಕನ್, ಅಂದರೆ ಮಾದರಿ ಪಠ್ಯವನ್ನು ಒಡೆದುಕೊಳ್ಳುವ ತುಣುಕುಗಳ ಲೆಕ್ಕದಲ್ಲಿ ಬರುತ್ತದೆ. ಯುಟಿಎಫ್-8ರಲ್ಲಿ ಇಂಗ್ಲಿಷಿನ ಒಂದು ಅಕ್ಷರಕ್ಕೆ 1 ಬೈಟ್ ಸಾಕಾದರೆ, ಕನ್ನಡದ ಒಂದೊಂದು ಸಂಕೇತಕ್ಕೂ 3 ಬೈಟ್ ಬೇಕು. ‘ಕ’ ಒಂದು ಸಂಕೇತ, ‘ಕಿ’ ಎರಡು, ‘ಕ್ಷ’ ಮೂರು. ಹಾಗಾಗಿ, ಬೈಟ್ ಜೋಡಿಸಿ ಟೋಕನ್ ಮಾಡುವ ಹಲವು ಮಾದರಿಗಳಲ್ಲಿ ಅದೇ ವಿಷಯಕ್ಕೆ ಕನ್ನಡದಲ್ಲಿ ಹೆಚ್ಚು ಟೋಕನ್ ಖರ್ಚಾಗುತ್ತದೆ. ‘ಯೂಸೇಜ್ ಮೆಟಾಡೇಟಾ ಕಾಲ್‌ಬ್ಯಾಕ್ ಹ್ಯಾಂಡ್ಲರ್’ ಎಂಬ ಸಿದ್ಧ ಹ್ಯಾಂಡ್ಲರ್ ಮಾದರಿವಾರು ಟೋಕನ್ ಎಣಿಸಿ ಕೊಡುತ್ತದೆ.

5. ಎಚ್ಚರ ವಹಿಸಬೇಕಾದ್ದು

ಬಳಕೆದಾರರ ಪ್ರಶ್ನೆಯಲ್ಲಿ ಫೋನ್ ನಂಬರ್, ಆಧಾರ್ ಸಂಖ್ಯೆ ಇರಬಹುದು. ಲಾಗ್‌ಗೆ ಹೋಗುವ ಮುನ್ನ ಅವನ್ನು ಮರೆಮಾಚಬೇಕು. ಹ್ಯಾಂಡ್ಲರ್‌ನೊಳಗೆ ನಿಧಾನದ ಡೇಟಾಬೇಸ್ ಬರಹ ಸೇರಿಸಿದರೆ ಆ್ಯಪ್ ಕೂಡ ಕುಂಟುತ್ತದೆ; ಅಸಿಂಕ್ ಆ್ಯಪ್‌ಗೆ ‘ಅಸಿಂಕ್ ಕಾಲ್‌ಬ್ಯಾಕ್ ಹ್ಯಾಂಡ್ಲರ್’ ಸೂಕ್ತ. ಹ್ಯಾಂಡ್ಲರ್‌ನಲ್ಲೇ ದೋಷವಿದ್ದರೆ ಲ್ಯಾಂಗ್‌ಚೈನ್ ಸಾಮಾನ್ಯವಾಗಿ ಎಚ್ಚರಿಕೆಯ ಸಾಲೊಂದನ್ನು ಲಾಗ್‌ಗೆ ಹಾಕಿ ಮುಂದೆ ಹೋಗುತ್ತದೆ. ಆ ಸಾಲು ಕಣ್ತಪ್ಪಿದರೆ, ಲೆಕ್ಕ ನಿಂತುಹೋದದ್ದೇ ಗೊತ್ತಾಗುವುದಿಲ್ಲ. ಪರೀಕ್ಷೆಯ ಹಂತದಲ್ಲಿ ಹ್ಯಾಂಡ್ಲರ್‌ನ ‘ರೈಸ್ ಎರರ್’ ಅನ್ನು ‘ಟ್ರೂ’ ಮಾಡಿಟ್ಟರೆ ತಪ್ಪು ಕೂಡಲೇ ಮೇಲೆದ್ದು ಬರುತ್ತದೆ.

ಆ್ಯಪ್ ಬಿಡುಗಡೆಗೆ ಮುನ್ನ ಹವಾಮಾನ ಟೂಲ್‌ನ ವಿಳಾಸವನ್ನು ಬೇಕೆಂದೇ ತಪ್ಪಾಗಿಸಿ, ಮಳೆಯ ಬಗ್ಗೆ ಒಂದು ಪ್ರಶ್ನೆ ಕೇಳಿ ನೋಡಿ. ‘ಆನ್ ಟೂಲ್ ಎರರ್’ ರನ್ ಐಡಿಯೊಂದಿಗೆ ಲಾಗ್‌ನಲ್ಲಿ ಕಾಣದಿದ್ದರೆ, ಎರಡನೇ ಮತ್ತು ಮೂರನೇ ಹಂತಗಳನ್ನು ಇನ್ನೊಮ್ಮೆ ಪರಿಶೀಲಿಸಿ.