ಕಲ್ಯಾಣಕ್ರಾಂತಿಯ ತರುವಾಯ ಕಳಚುರಿ ಅರಸುಮನೆತನ

ಹನ್ನೆರಡನೆಯ ಶತಮಾನದ ಕಲ್ಯಾಣಕ್ರಾಂತಿಯನ್ನು ಶಾಲೆಗಳಲ್ಲಿ ಬೋಧಿಸುವಾಗ ಪಾಠವು ಸಾಮಾನ್ಯವಾಗಿ ಬಿಜ್ಜಳನ ಮರಣದೊಂದಿಗೆ ಮುಗಿಯುತ್ತದೆ. ಶರಣರು ಚದುರಿದರು, ಬಸವಣ್ಣನವರು ಕೂಡಲಸಂಗಮದಲ್ಲಿ ಐಕ್ಯರಾದರು ಎಂಬಲ್ಲಿಗೆ ಕಥೆಗೆ ಮಂಗಳ. ಆದರೆ ಆ ಅರಸನ ಮನೆತನವು ಮುಂದೆ ಏನಾಯಿತು? ಈ ಪ್ರಶ್ನೆಯನ್ನು ಕೇಳದಿದ್ದರೆ ಕ್ರಾಂತಿಯ ಅರ್ಥವು ಅರ್ಧವಷ್ಟೇ ತಿಳಿದಂತಾಗುತ್ತದೆ.

ಕಳಚುರಿಗಳು ಮೂಲತಃ ಮಂಗಳವಾಡದ ಮಾಂಡಲಿಕರು. ಕಲ್ಯಾಣದ ಚಾಲುಕ್ಯರ ಅಧೀನರು. ಮೂರನೆಯ ತೈಲಪನ ದೌರ್ಬಲ್ಯವನ್ನು ಕಂಡ ಬಿಜ್ಜಳನು ಕ್ರಿ.ಶ. 1162ರ ಸುಮಾರಿಗೆ ತಾನೇ ಚಕ್ರವರ್ತಿಯ ಬಿರುದುಗಳನ್ನು ಧರಿಸಿದನು. ಒಡೆಯನಿಂದ ಕಸಿದುಕೊಂಡ ಸಿಂಹಾಸನವು ಇತರ ಮಾಂಡಲಿಕರ ಸಮ್ಮತಿಯಿಲ್ಲದೆ ನಿಲ್ಲಲಾರದು. ಅಂತಹ ಸಂಧಿಯಲ್ಲಿಯೇ ಹರಳಯ್ಯ ಮಧುವರಸರ ಮಕ್ಕಳ ವಿವಾಹಪ್ರಸಂಗವೂ, ಅದನ್ನನುಸರಿಸಿದ ಘೋರಶಿಕ್ಷೆಯೂ ಸಂಭವಿಸಿದವೆಂದು ವೀರಶೈವ ಪರಂಪರೆ ಹೇಳುತ್ತದೆ. ಬಿಜ್ಜಳನ ಅಂತ್ಯವನ್ನು ವೀರಶೈವ ಪುರಾಣಗಳು ಒಂದು ಬಗೆಯಾಗಿಯೂ ಜೈನಕೃತಿಗಳು ಇನ್ನೊಂದು ಬಗೆಯಾಗಿಯೂ ನಿರೂಪಿಸುತ್ತವೆ. ಪುರಾಣದ ಮಾತಾವುದು, ಶಾಸನದ ಮಾತಾವುದು ಎಂಬ ವಿವೇಕವನ್ನು ವಿದ್ಯಾರ್ಥಿಗಳಲ್ಲಿ ಮೂಡಿಸುವುದು ಅಧ್ಯಾಪಕರ ಕರ್ತವ್ಯ.

ಶಾಸನಗಳು ಮುಂದಿನ ಸಂಗತಿಯನ್ನು ತಿಳಿಸುತ್ತವೆ. ಬಿಜ್ಜಳನ ಅನಂತರ ಮಗ ಸೋವಿದೇವನು ಸುಮಾರು 1176ರವರೆಗೆ ಆಳಿದನು. ಬಳಿಕ ಸಂಕಮ, ಆಹವಮಲ್ಲ, ಸಿಂಘಣ ಎಂಬ ಸಹೋದರರು ಒಬ್ಬರ ಹಿಂದೊಬ್ಬರು ಪಟ್ಟವೇರಿದರು. ಹುಬ್ಬಳ್ಳಿಗೆ ಸಮೀಪದ ಬೆಹಟ್ಟಿಯಲ್ಲಿ ದೊರೆತ 1183ರ ತಾಮ್ರಶಾಸನವು ಸಿಂಘಣನದು. ಮರುವರ್ಷದ ಹೊತ್ತಿಗೆ ಚಾಲುಕ್ಯ ನಾಲ್ಕನೆಯ ಸೋಮೇಶ್ವರನು ದಂಡನಾಯಕ ಬ್ರಹ್ಮನ ನೆರವಿನಿಂದ ರಾಜ್ಯವನ್ನು ಮರಳಿ ಪಡೆದನು. ಬಿಜ್ಜಳನ ತರುವಾಯ ಹದಿನಾರು ಹದಿನೇಳು ವರ್ಷಗಳಲ್ಲಿಯೇ ಕಳಚುರಿಗಳ ಸಾರ್ವಭೌಮತ್ವವು ಅಸ್ತಂಗತವಾಯಿತು. ಗೆದ್ದವನಿಗಾದರೂ ನೆಲೆ ದೊರೆಯಿತೆ? 1190ರ ವೇಳೆಗೆ ಉತ್ತರದಿಂದ ಸೇವುಣರ ಭಿಲ್ಲಮನೂ ದಕ್ಷಿಣದಿಂದ ಹೊಯ್ಸಳ ವೀರಬಲ್ಲಾಳನೂ ಆ ರಾಜ್ಯವನ್ನು ಹಂಚಿಕೊಂಡರು.

ಬಾದಾಮಿಯ ನೆಲದ ಮಕ್ಕಳಿಗೆ ಇಲ್ಲೊಂದು ಹೋಲಿಕೆ ಸುಲಭವಾಗಿ ಮನಗಾಣುವಂಥದು. ಎಂಟನೆಯ ಶತಮಾನದ ನಡುವಿನಲ್ಲಿ ರಾಷ್ಟ್ರಕೂಟ ದಂತಿದುರ್ಗನಿಂದ ಬಾದಾಮಿಯ ಚಾಲುಕ್ಯ ಪ್ರಭುತ್ವವು ಕುಸಿಯಿತು. ಆದರೂ ಇನ್ನೂರು ವರ್ಷಗಳಿಗೂ ಮಿಕ್ಕಿ ಕಳೆದ ಮೇಲೆ, 973ರಲ್ಲಿ, ಆ ವಂಶದ ಹೆಸರು ಹೇಳಿಕೊಂಡೇ ಇಮ್ಮಡಿ ತೈಲಪನು ಮೇಲೆದ್ದನು. ಕಳಚುರಿಗಳ ಹೆಸರಿನಲ್ಲಿ ಕನ್ನಡನಾಡಿನಲ್ಲಿ ಹಾಗೆ ಮತ್ತೊಮ್ಮೆ ಸಾಮ್ರಾಜ್ಯವೇಳಲಿಲ್ಲ.

ಒಂದು ವಂಶದ ಪತನವನ್ನು ಕಂಡು ಹಿಗ್ಗುವುದು ಶರಣಧರ್ಮವಲ್ಲ. ಬಿಜ್ಜಳನ ಮಕ್ಕಳು ತಂದೆಯ ಕಾಲದ ಹೊರೆಯನ್ನು ಹೊತ್ತವರು. ಆದರೆ ಕಲ್ಯಾಣದಿಂದ ಬರಿಗೈಯಲ್ಲಿ ಹೊರಟವರ ಮಾತುಗಳು ತಾಳೆಯೋಲೆಯ ಕಟ್ಟುಗಳಲ್ಲಿ ಉಳಿದು ಇಂದಿಗೂ ಹುನಗುಂದ, ಇಳಕಲ್ಲು, ಬಾಗಲಕೋಟೆಗಳ ಮನೆಮನೆಗಳಲ್ಲಿ ನಾಲಗೆಯ ಮೇಲಿವೆ. ಅವರನ್ನು ಹೊರದೂಡಿದ ಅರಮನೆಯ ಹೆಸರನ್ನು ಮಾತ್ರ ಶಾಸನಗಳಲ್ಲಿ ಹುಡುಕಿ ಓದಬೇಕಾಗಿದೆ. ಕೃಷ್ಣಾ ಮಲಪ್ರಭೆಗಳ ಸಂಗಮಕ್ಕೆ ವಿದ್ಯಾರ್ಥಿಗಳನ್ನು ಕರೆದೊಯ್ಯುವ ಗುರುಗಳು ಈ ಎರಡು ಉಳಿವುಗಳ ಅಂತರವನ್ನು ಅವರ ಮುಂದಿಟ್ಟರೆ ಪಾಠವು ಪೂರ್ಣವಾದೀತು.