ಏಳನೆಯ ಉಂಗುರ ನೋಡದೆ ಹೆಸರು ಹೇಳಬೇಡಿ

ಮುಂಗಾರಿನ ಮಳೆಗೆ ನೆಲ ಒಳಗಿನವರೆಗೂ ನೆನೆಯಿತೆಂದರೆ ಸಹಸ್ರಪದಿಗಳು ಹೊರಬೀಳುತ್ತವೆ. ಹಂಪಿಯ ಬಂಡೆಗಳ ಬುಡದಲ್ಲಿ, ಸಂಡೂರಿನ ಕೆಮ್ಮಣ್ಣಿನ ಗುಡ್ಡಗಳ ತರಗೆಲೆಯಲ್ಲಿ, ಕಂಪ್ಲಿಯ ಬಾಳೆತೋಟ ಮತ್ತು ಕಬ್ಬಿನ ರವದಿಯಡಿಯಲ್ಲಿ, ಹೊಸಪೇಟೆಯ ಹಿತ್ತಲುಗಳಲ್ಲೂ. ಪದವಿ ತರಗತಿಯ ಪ್ರಾಣಿಶಾಸ್ತ್ರದ ಮಕ್ಕಳನ್ನು ಕಟ್ಟಿಕೊಂಡು ಇವನ್ನು ನೋಡುತ್ತ, ಬಿಡಿಸುತ್ತ, ಹೆಸರಿಸುತ್ತ ನನ್ನ ವೃತ್ತಿಯ ಬಹುಭಾಗ ಕಳೆದಿದೆ. ಸಹಸ್ರಪದಿಯ ಅಂಗರಚನೆಗೆ ದೊಡ್ಡದೊಂದು ಪದಸಂಪತ್ತಿದೆ. ಪಟ್ಟಿ ಮಾಡಿ ಬಾಯಿಪಾಠ ಮಾಡಿದರೆ ಅದು ಪರೀಕ್ಷೆಯ ಮರುದಿನ ಮರೆತುಹೋಗುತ್ತದೆ. ಹುಳವನ್ನು ಕೈಯಲ್ಲಿ ಹಿಡಿದು, ಯಾವ ಪ್ರಶ್ನೆಗೆ ಯಾವ ಪದ ಬೇಕಾಗುತ್ತದೆಂದು ತಿಳಿದು ಕಲಿತರೆ ಉಳಿಯುತ್ತದೆ. ಈಗ ಕಲಿಯಲು ಹೊರಟವರಿಗಾಗಿ ಕೆಲವು ಪಾಠಗಳನ್ನು ಬರೆದಿಡುತ್ತಿದ್ದೇನೆ.

1. ಕಾಲಿಗಿಂತ ಮೊದಲು ಉಂಗುರ ಎಣಿಸಿ

‘ಖರೇನೇ ಸಾವಿರ ಕಾಲು ಅದಾವೇನ್ರೀ ಸರ್?’ ಈ ಪ್ರಶ್ನೆ ಪ್ರತಿ ವರ್ಷವೂ ಬರುತ್ತದೆ. ನಮ್ಮ ಸೀಮೆಯ ಹಿತ್ತಲು ಹೊಲಗಳಲ್ಲಿ ಕಾಣುವ ಯಾವ ಜಾತಿಗೂ ಸಾವಿರ ಕಾಲಿಲ್ಲ. ಸಾವಿರ ದಾಟಿದ್ದು ಪಶ್ಚಿಮ ಆಸ್ಟ್ರೇಲಿಯಾದ ಯುಮಿಲ್ಲಿಪಿಸ್ ಪರ್ಸೆಫೋನಿ. 2021ರಲ್ಲಿ ಅದರ ವಿವರ ಪ್ರಕಟವಾಯಿತು. 330 ಉಂಗುರ, 1,306 ಕಾಲು, ಅಗಲ ಒಂದು ಮಿಲಿಮೀಟರೂ ಇಲ್ಲ, ಕಣ್ಣಂತೂ ಇಲ್ಲವೇ ಇಲ್ಲ. ಸಿಕ್ಕಿದ್ದು ಖನಿಜ ಹುಡುಕಲು ಕೊರೆದ ಕೊಳವೆಯೊಳಗೆ, 60 ಮೀಟರ್ ಆಳದಲ್ಲಿ. ಅದಿರಿಗಾಗಿ ಇಷ್ಟೊಂದು ಕೊರೆಸಿಕೊಂಡ ಸಂಡೂರಿನ ಗುಡ್ಡಗಳಲ್ಲೂ ಯಾರಾದರೂ ಹಾಗೆ ಒಮ್ಮೆ ಆಳಕ್ಕೆ ಬಲೆ ಇಳಿಸಿ ನೋಡಬೇಕೆಂಬುದು ನನ್ನ ಬಹುದಿನದ ಆಸೆ.

ಉಂಗುರದ ಲೆಕ್ಕ ಹೀಗಿದೆ. ತಲೆಯ ಹಿಂದಿನ ಮೊದಲ ಉಂಗುರಕ್ಕೆ ಕಾಲೇ ಇಲ್ಲ. ಅದು ಕಾಲಮ್, ನಾವು ಕೊರಳ ಫಲಕ ಎನ್ನುತ್ತೇವೆ. ಅದರ ಹಿಂದಿನ ಮೂರಕ್ಕೆ ಸಾಮಾನ್ಯವಾಗಿ ಒಂದೊಂದೇ ಜೋಡಿ. ಅಲ್ಲಿಂದ ಮುಂದೆ ಉಂಗುರಕ್ಕೆ ಎರಡೆರಡು ಜೋಡಿ. ಎರಡು ಖಂಡಗಳು ಬೆಸೆದು ಒಂದಾದ ಈ ಉಂಗುರಕ್ಕೆ ದ್ವಿಖಂಡ, ಅಂದರೆ ಡಿಪ್ಲೊಸೆಗ್ಮೆಂಟ್ ಎಂದು ಹೆಸರು. ಒಳಗೆ ನೋಡಿದರೂ ಅದೇ ಸಾಕ್ಷಿ: ಒಂದೊಂದು ಉಂಗುರದಲ್ಲಿ ಎರಡು ಜೋಡಿ ಶ್ವಾಸರಂಧ್ರ, ಎರಡು ನರಗ್ರಂಥಿ. ಜರಿಗೆ ಹೀಗಿಲ್ಲ. ಅದಕ್ಕೆ ಖಂಡಕ್ಕೆ ಒಂದೇ ಜೋಡಿ ಕಾಲು, ಮೊದಲ ಜೋಡಿ ವಿಷದ ಕೊಂಡಿಯಾಗಿರುತ್ತದೆ. ಸಹಸ್ರಪದಿಗೆ ಕೊಂಡಿಯೂ ಇಲ್ಲ, ಕಚ್ಚುವ ಸ್ವಭಾವವೂ ಇಲ್ಲ.

ಈ ಲೆಕ್ಕ ಗೊತ್ತಿದ್ದವರಿಗೆ ಕಾಲು ಎಣಿಸುವ ತೊಂದರೆ ತಪ್ಪುತ್ತದೆ. ಚಪ್ಪಟೆ ಬೆನ್ನಿನ ಪಾಲಿಡೆಸ್ಮಿಡಾ ಗಣದ ಬಹುಪಾಲು ಜಾತಿಗಳಿಗೆ ಬಾಲದ ತುಂಡೂ ಸೇರಿ 20 ಉಂಗುರ. ಕೊರಳ ಫಲಕಕ್ಕೆ ಸೊನ್ನೆ, ಮುಂದಿನ ಮೂರಕ್ಕೆ ಮೂರು ಜೋಡಿ, 5ರಿಂದ 18ರವರೆಗಿನ ಹದಿನಾಲ್ಕಕ್ಕೆ 28 ಜೋಡಿ, ಕೊನೆಯ ಎರಡಕ್ಕೆ ಏನೂ ಇಲ್ಲ. ಒಟ್ಟು 31 ಜೋಡಿ, 62 ಕಾಲು. ಗಂಡಿಗೆ ನಡೆಯುವ ಕಾಲು 30 ಜೋಡಿ ಮಾತ್ರ. ಆ ಒಂದು ಜೋಡಿ ಎಲ್ಲಿ ಹೋಯಿತೆಂಬುದು ಐದನೆಯ ಪಾಠದಲ್ಲಿದೆ.

2. ಬಣ್ಣ ನಂಬಬೇಡಿ

ಕೆಮ್ಮಣ್ಣಿನಲ್ಲಿ ಹೊರಳಿ ಬಂದ ಕಪ್ಪು ಹುಳವೂ ಸಂಡೂರಿನಲ್ಲಿ ಕೆಂಪಾಗಿಯೇ ಕಾಣುತ್ತದೆ. ಆಲ್ಕೊಹಾಲಿನಲ್ಲಿ ಇಟ್ಟರೆ ನಿಜವಾದ ಕೆಂಪೂ ಮಾಸುತ್ತದೆ. ಬೆನ್ನ ಮೇಲೆ ಕೆಂಪು ಪಟ್ಟೆಯ ಝೆನೊಬೋಲಸ್ ಕಾರ್ನಿಫೆಕ್ಸ್‌ನಂಥ ಒಂದೆರಡು ಜಾತಿಗಳಿಗೆ ಬಣ್ಣ ನೆರವಾದೀತು. ಹುಲ್ಲಿನ ಚಾವಣಿಯಿಂದ ಉದುರಿ ಮನೆಯವರನ್ನು ಪೀಡಿಸುವ ಈ ಹುಳವನ್ನು ಫ್ಯಾಬ್ರಿಸಿಯಸ್ 1775ರಷ್ಟು ಹಿಂದೆಯೇ ವಿವರಿಸಿದ್ದ. ಉಳಿದವುಗಳಿಗೆ ಬಣ್ಣ ಸುಳಿವಷ್ಟೇ. ಬದುಕಿರುವಾಗಲೇ ಫೋಟೊ ತೆಗೆದಿಟ್ಟುಕೊಂಡು ಮುಂದಕ್ಕೆ ಹೋಗಿ.

3. ತಲೆಯನ್ನು ಮೂರು ಕಡೆಯಿಂದ ನೋಡಿ

ಮುಂದಿನಿಂದ ನೋಡಿದಾಗ ಹಣೆಯಿಂದ ತುಟಿಯವರೆಗೆ ನೆಟ್ಟಗೆ ಇಳಿದ ಗೆರೆ ಇದೆಯೇ? ಇದ್ದರೆ ಸ್ಪೈರೊಬೊಲಿಡಾ ಗಣದ ಕಡೆಗೆ ಯೋಚನೆ ಹೋಗಬೇಕು. ನಮ್ಮ ತೋಟಗಳಲ್ಲಿ ಕಾಣುವ ತುಕ್ಕುಗೆಂಪಿನ ಟ್ರಿಗೊನಿಯುಲಸ್ ಕೊರಾಲಿನಸ್ ಇದೇ ಗಣದ್ದು. ಪಕ್ಕದಿಂದ ನೋಡಿದಾಗ ಕಣ್ಣಿದೆಯೇ? ಪಾಲಿಡೆಸ್ಮಿಡಾ ಗಣಕ್ಕೆ ಕಣ್ಣೇ ಇಲ್ಲ. ಉದ್ದನೆಯ ಉರುಟು ಹುಳಗಳಿಗೆ ಒಸೆಲ್ಲಿ ಎನ್ನುವ ಪುಟ್ಟ ಕಣ್ಣುಗಳು ಗುಂಪಾಗಿ, ಸಾಲುಸಾಲಾಗಿ ಕೂತಿರುತ್ತವೆ. ಕುಡಿಮೀಸೆಯ ತುದಿಯನ್ನು ಸೂಕ್ಷ್ಮದರ್ಶಕದಡಿ ಇಟ್ಟರೆ ನಾಲ್ಕು ಸಂವೇದನಾ ಶಂಕುಗಳು ಕಾಣುತ್ತವೆ. ಹುಳ ನಡೆಯುವಾಗ ಆ ತುದಿಯಿಂದ ನೆಲ ತಟ್ಟಿತಟ್ಟಿ ನೋಡುವುದು ಏಕೆಂದು ಆಗ ತಿಳಿಯುತ್ತದೆ.

ಇನ್ನು ಅಡಿಭಾಗ. ಅಲ್ಲಿ ಬಾಯಿಯ ಕೆಳಗೆ ಮುಚ್ಚಳದಂತೆ ಇರುವ ಫಲಕವೇ ಗ್ನಾಥೊಕಿಲೇರಿಯಂ. ಈ ಹೆಸರು ಕೇಳಿ ಮಕ್ಕಳು ಹೆದರುತ್ತಾರೆ. ನಾನು ಅದನ್ನು ಕೆಳದವಡೆ ಫಲಕ ಎಂದು ಹೇಳಿ, ಸೂಜಿಯ ಮೊನೆಯಿಂದ ಭಾಗಗಳನ್ನು ತೋರಿಸುತ್ತೇನೆ: ಎರಡು ಪಕ್ಕಕ್ಕೆ ಅಗಲವಾದ ಸ್ಟೈಪಿಸ್, ನಡುವೆ ಮೆಂಟಮ್, ಮುಂದೆ ನಾಲಗೆ ಫಲಕಗಳು. ಇವು ಒಂದಕ್ಕೊಂದು ತಾಗಿವೆಯೋ, ನಡುವೆ ಬೇರೊಂದು ತುಂಡು ಬಂದು ಬೇರಾಗಿವೆಯೋ ಎಂಬುದರ ಮೇಲೆ ಗಣಗಳ ವಿಂಗಡಣೆಗೆ ಸುಳಿವು ಸಿಗುತ್ತದೆ.

4. ವಾಸನೆಗೂ ವಿಳಾಸವಿದೆ

ಉಂಗುರದ ಪಕ್ಕದಲ್ಲಿರುವ ಸಣ್ಣ ತೂತು ಓಜೋಪೋರ್. ರಕ್ಷಣೆಯ ದ್ರವ ಒಸರುವುದು ಇಲ್ಲಿಂದ. ಉರುಟು ಹುಳಗಳು ಬೆಂಜೊಕ್ವಿನೋನ್ ಗುಂಪಿನ ರಾಸಾಯನಿಕ ಬಿಡುತ್ತವೆ. ಅದರಿಂದ ಬೆರಳು ಕಂದಾಗಿ ಆ ಕಲೆ ದಿನಗಟ್ಟಲೆ ಹೋಗುವುದಿಲ್ಲ. ಚಪ್ಪಟೆ ಬೆನ್ನಿನ ಪಾಲಿಡೆಸ್ಮಿಡಾಗಳಲ್ಲಿ ಹೈಡ್ರೊಜನ್ ಸಯನೈಡ್ ಮತ್ತು ಬೆಂಜಾಲ್ಡಿಹೈಡ್ ಉಂಟಾಗುತ್ತವೆ, ಕಹಿಬಾದಾಮಿಯ ವಾಸನೆ ಬರುತ್ತದೆ. ಡಬ್ಬಿಯ ಮುಚ್ಚಳ ತೆಗೆದಾಗಲೇ ಅರ್ಧ ಗುರುತು ಸಿಕ್ಕಂತೆ. ಹಾಗೆಂದು ಮೂಗು ಒಳಗೆ ತೂರಿಸಬೇಡಿ. ಹುಳ ಮುಟ್ಟಿದ ಕೈ ಕಣ್ಣಿಗೆ ಹೋಗದಿರಲಿ.

ತೂತು ಎಲ್ಲ ಉಂಗುರಗಳಲ್ಲೂ ಇರುವುದಿಲ್ಲ ಎಂಬುದನ್ನು ಮಕ್ಕಳಿಗೆ ಲೆನ್ಸ್ ಕೊಟ್ಟು ಹುಡುಕಿಸಬೇಕು. ಪಾಲಿಡೆಸ್ಮಿಡಾದ ಸಾಮಾನ್ಯ ಕ್ರಮ 5, 7, 9, 10, 12, 13, ಆಮೇಲೆ 15ರಿಂದ 19. ಕ್ರಮ ತಪ್ಪಿದ್ದರೆ ಅದೂ ಒಂದು ಲಕ್ಷಣವೇ, ಬರೆದಿಟ್ಟುಕೊಳ್ಳಿ.

5. ಗಂಡು ಸಿಗದೆ ಜಾತಿ ಸಿಗದು

ಬೇರೇನು ಮರೆತರೂ ಇದನ್ನು ಮರೆಯಬಾರದು. ಬಲಿತ ಗಂಡನ್ನು ಅಂಗಾತ ಹಿಡಿದು ತಲೆಯಿಂದ ಎಣಿಸುತ್ತ ಬಂದರೆ ಏಳನೆಯ ಉಂಗುರದಲ್ಲಿ ಕಾಲಿನ ಸಾಲು ಕಡಿದಂತೆ ಕಾಣುತ್ತದೆ. ಅಲ್ಲಿಯ ಕಾಲು ನಡೆಯುವ ಕೆಲಸ ಬಿಟ್ಟು ವೀರ್ಯ ಸಾಗಿಸುವ ಅಂಗವಾಗಿ ಮಾರ್ಪಟ್ಟಿದೆ. ಅದೇ ಗೊನೊಪಾಡ್, ನಮ್ಮ ಪ್ರಯೋಗಾಲಯದಲ್ಲಿ ಕೂಡುಗಾಲು ಎನ್ನುತ್ತೇವೆ. ಗಂಡಿನ ಜನನರಂಧ್ರ ಇಲ್ಲಿಲ್ಲ, ಅದು ಎರಡನೆಯ ಜೋಡಿ ಕಾಲಿನ ಬುಡದಲ್ಲಿದೆ. ವೀರ್ಯವನ್ನು ಅಲ್ಲಿಂದ ಕೂಡುಗಾಲಿಗೆ ತಂದುಕೊಂಡು, ಹೆಣ್ಣಿನ ಎರಡನೆಯ ಜೋಡಿ ಕಾಲಿನ ಹಿಂದಿರುವ ವಲ್ವಾಕ್ಕೆ ತಲುಪಿಸಬೇಕು. ಒಂದೊಂದು ಜಾತಿಯ ಕೂಡುಗಾಲಿನ ಮಡಿಕೆ, ಮುಳ್ಳು, ತಿರುವು ಬೇರೆಬೇರೆ. ಹೊರಗಿನಿಂದ ಒಂದೇ ಥರ ಕಾಣುವ ಎರಡು ಹುಳಗಳನ್ನು ಬೇರೆ ಮಾಡುವುದು ಬಹುಮಟ್ಟಿಗೆ ಇದೇ.

ಗಣಕ್ಕೆ ತಕ್ಕಂತೆ ಇದರ ರಚನೆ ಬದಲಾಗುತ್ತದೆ. ಸ್ಪೈರೊಬೊಲಿಡಾದಲ್ಲಿ ಏಳನೆಯ ಉಂಗುರದ ಎರಡೂ ಜೋಡಿ ಮಾರ್ಪಟ್ಟಿರುತ್ತವೆ. ಮುಂದಿನದು ಫಲಕದಂತೆ ಹರಡಿ ಹಿಂದಿನದನ್ನು ಮರೆಮಾಡುತ್ತದೆ. ಸ್ಪೈರೊಸ್ಟ್ರೆಪ್ಟಿಡಾದಲ್ಲಿ ಕೆಲಸ ಮಾಡುವುದು ಮುಂದಿನ ಜೋಡಿ ಮಾತ್ರ, ಹಿಂದಿನದು ಕುಗ್ಗಿಹೋಗಿರುತ್ತದೆ ಅಥವಾ ಇರುವುದೇ ಇಲ್ಲ. ದಕ್ಷಿಣ ಭಾರತದ ದೊಡ್ಡ ಉರುಟು ಹುಳಗಳಲ್ಲಿ ಬಹಳಷ್ಟು ಈ ಗಣದ ಹಾರ್ಪಗೊಫೊರಿಡೇ ಕುಟುಂಬದವು. ಇವುಗಳ ಕೂಡುಗಾಲಿನ ಬುಡದ ತುಂಡು ಕಾಕ್ಸಾ, ಅದರಿಂದ ಹೊರಟು ಸುತ್ತಿಕೊಂಡು ಹೋಗುವ ಉದ್ದನೆಯ ಭಾಗ ಟೆಲೊಪೊಡೈಟ್. ಇವೆರಡನ್ನು ಬೇರೆಯಾಗಿ ಗುರುತಿಸಲು ಬಾರದೆ ಕುಟುಂಬದ ಕೀಲಿಯನ್ನು, ಅಂದರೆ ಲಕ್ಷಣ ಹಿಡಿದು ಹೆಸರು ಹುಡುಕುವ ಕೋಷ್ಟಕವನ್ನು, ಓದಲಾಗದು.

ಬಿಡಿಸುವ ಕೆಲಸಕ್ಕೆ ಆತುರ ಬೇಡ. ಆಲ್ಕೊಹಾಲಿನಲ್ಲಿಟ್ಟ ಹುಳವನ್ನು ತಟ್ಟೆಯಲ್ಲಿ ಅಂಗಾತ ಇಟ್ಟು, ಆರು ಮತ್ತು ಎಂಟನೆಯ ಉಂಗುರಗಳಿಂದ ಏಳನೆಯದನ್ನು ಸಡಿಲಿಸಿ, ಮೊನಚು ಚಿಮಟದಿಂದ ಕೂಡುಗಾಲನ್ನು ಬುಡಸಹಿತ ಎತ್ತಬೇಕು. ಎಳೆದರೆ ಟೆಲೊಪೊಡೈಟ್‌ನ ತುದಿ ಮುರಿಯುತ್ತದೆ, ಬೇಕಾದ ಲಕ್ಷಣವೆಲ್ಲ ಇರುವುದು ಆ ತುದಿಯಲ್ಲೇ. ಗ್ಲಿಸರಿನ್ ಹನಿಯಲ್ಲಿಟ್ಟು ಮುಂದಿನಿಂದ, ಹಿಂದಿನಿಂದ, ಪಕ್ಕದಿಂದ ಮೂರು ಚಿತ್ರ ಬರೆಯಿರಿ. ಫೋಟೊ ಇದ್ದರೂ ಕೈಯಿಂದಲೇ ಬರೆಯಿರಿ. ಬರೆಯುವಾಗ ಕಣ್ಣಿಗೆ ಬೀಳುವ ಮುಳ್ಳು ಫೋಟೊದಲ್ಲಿ ಎಷ್ಟೋ ಸಲ ತಪ್ಪಿಸಿಕೊಂಡಿರುತ್ತದೆ.

ಎಳೆಯ ಗಂಡಿಗೆ ಕೂಡುಗಾಲು ಇನ್ನೂ ಬಲಿತಿರುವುದಿಲ್ಲ. ಹೆಣ್ಣಿಗೆ ಅಲ್ಲಿ ಮಾಮೂಲಿ ಕಾಲು. ಇಂಥವು ಮಾತ್ರ ಸಿಕ್ಕಿದ್ದರೆ ಕುಟುಂಬದವರೆಗೆ ಹೆಸರು ಬರೆದು ಅಲ್ಲಿಗೇ ನಿಲ್ಲಿಸಿ.

6. ಬೆನ್ನು ಮತ್ತು ಬಾಲ

ಉಂಗುರದ ಮುಂದಿನ ಕಿರಿದಾದ ಪಟ್ಟಿ ಪ್ರೊಜೋನೈಟ್, ಹಿಂದಿನ ಅಗಲ ಪಟ್ಟಿ ಮೆಟಾಜೋನೈಟ್. ಒಂದು ಉಂಗುರದ ಪ್ರೊಜೋನೈಟ್ ಅದರ ಮುಂದಿನ ಉಂಗುರದೊಳಗೆ, ಒಂದರೊಳಗೊಂದು ಸೇರುವ ಸ್ಟೀಲ್ ಡಬ್ಬಿಗಳ ಹಾಗೆ ಸರಿಯುತ್ತದೆ. ಹುಳ ಚಕ್ಕುಲಿ ಸುತ್ತಲು ಸಾಧ್ಯವಾಗುವುದು ಇದರಿಂದ. ಪಾಲಿಡೆಸ್ಮಿಡಾಗಳಲ್ಲಿ ಮೆಟಾಜೋನೈಟ್‌ನಿಂದ ಎರಡೂ ಪಕ್ಕಕ್ಕೆ ಚಾಚಿದ ಅಂಚು ಪ್ಯಾರಾನೋಟಾ.

ಬಾಲದ ಚೂಪು ತುದಿಯನ್ನು ಮುಳ್ಳೆಂದು ತಿಳಿದು ಹೆದರುವವರಿದ್ದಾರೆ. ಅದು ಟೆಲ್ಸನ್ ಎನ್ನುವ ಬಾಲದ ತುಂಡಿನ ಮೇಲ್ಭಾಗ, ಎಪಿಪ್ರಾಕ್ಟ್; ಚುಚ್ಚುವುದಿಲ್ಲ. ಅದರ ಕೆಳಗೆ ಗುದವನ್ನು ಮುಚ್ಚುವ ಎರಡು ಬಾಗಿಲು ಪ್ಯಾರಾಪ್ರಾಕ್ಟ್, ಅಡಿಯ ಸಣ್ಣ ಫಲಕ ಹೈಪೊಪ್ರಾಕ್ಟ್. ಇಷ್ಟು ಸಾಕು.

7. ಉಂಗುರ ಹೆಚ್ಚಿದ್ದ ಮಾತ್ರಕ್ಕೆ ಬೇರೆ ಜಾತಿಯಲ್ಲ

ಮೊಟ್ಟೆಯಿಂದ ಬಂದ ಮರಿಗೆ ಸಾಮಾನ್ಯವಾಗಿ ಮೂರೇ ಜೋಡಿ ಕಾಲು. ಪೊರೆ ಕಳಚಿದಂತೆಲ್ಲ ಟೆಲ್ಸನ್‌ನ ಮುಂದೆ ಹೊಸ ಉಂಗುರಗಳು ಸೇರುತ್ತವೆ. ಪಾಲಿಡೆಸ್ಮಿಡಾದಲ್ಲಿ ಬಲಿತ ಮೇಲೆ ಸಂಖ್ಯೆ ನಿಗದಿ. ಉರುಟು ಹುಳಗಳಲ್ಲಿ ಒಂದೇ ಜಾತಿಯ ಬಲಿತ ಹುಳಗಳ ನಡುವೆಯೂ ವ್ಯತ್ಯಾಸ ಇರುತ್ತದೆ. ಹೀಗಾಗಿ ಉಂಗುರದ ಸಂಖ್ಯೆಯನ್ನು ಕನಿಷ್ಠ ಇಷ್ಟು, ಗರಿಷ್ಠ ಇಷ್ಟು ಎಂದು ಬರೆಯಬೇಕು. ಬಾಲದ ಬಳಿ ಕಾಲಿಲ್ಲದ ಉಂಗುರ ಎಷ್ಟೆಂಬುದನ್ನೂ ಜೊತೆಗೆ ಬರೆಯಬೇಕು.

8. ಎರಡೂ ಹೆಸರು ಕಲಿಸಿ

ಕನ್ನಡದಲ್ಲಿ ಮಾತ್ರ ಕಲಿತವರಿಗೆ ಆಟೆಮ್ಸ್ 1936ರಲ್ಲಿ ಭಾರತದ ಸಹಸ್ರಪದಿಗಳ ಬಗ್ಗೆ ಬರೆದ ದೊಡ್ಡ ಕೃತಿಯ ಕೀಲಿ ತೆರೆಯದು. ಗೊಲೊವಾಚ್ ಮತ್ತು ವೆಸೆನರ್ 2016ರಲ್ಲಿ ಪ್ರಕಟಿಸಿದ, ಸುಮಾರು 270 ಜಾತಿಗಳ ಭಾರತೀಯ ಪಟ್ಟಿಯೂ ಉಪಯೋಗಕ್ಕೆ ಬಾರದು. ಲ್ಯಾಟಿನ್ ಮಾತ್ರ ಕಲಿತವರು ಕಂಪ್ಲಿಯ ರೈತನ ಪಕ್ಕ ಕೂತು ರವದಿ ಕೆದಕುತ್ತ ಮಾತಾಡಲಾರರು. ಎಲೆ ರವದಿ ಕೊಳೆಸಿ ಮಣ್ಣು ಮಾಡುವ ಹುಳದ ಬಗ್ಗೆ ಹೆಚ್ಚು ಕಂಡವನು ಅವನೇ. ನನ್ನ ವಿದ್ಯಾರ್ಥಿಗಳ ಟಿಪ್ಪಣಿ ಪುಸ್ತಕದಲ್ಲಿ ಪ್ರತಿ ಚಿತ್ರದ ಎಡಕ್ಕೆ ಕನ್ನಡ ಹೆಸರು, ಬಲಕ್ಕೆ ಶಾಸ್ತ್ರದ ಹೆಸರು ಇರಲೇಬೇಕು.

9. ಚೀಟಿ ಇಲ್ಲದ ಹುಳ ಬರೀ ಹುಳ

ಸಂಗ್ರಹಕ್ಕೆ 70 ಶೇಕಡಾ ಆಲ್ಕೊಹಾಲ್ ಸಾಕು. ಚೀಟಿಯನ್ನು ಪೆನ್ಸಿಲಿನಲ್ಲಿ ಬರೆದು ಸೀಸೆಯ ಒಳಗೇ ಹಾಕಿ, ಪೆನ್ನಿನ ಶಾಯಿ ಕರಗಿಹೋಗುತ್ತದೆ. ಊರು, ಜಾಗ, ದಿನಾಂಕ, ಬಂಡೆಯಡಿಯೋ ತರಗೆಲೆಯೋ ರವದಿಯೋ ಎಂಬ ವಿವರ, ಸಂಗ್ರಹಿಸಿದವರ ಹೆಸರು ಇರಲಿ. ‘ಸಂಡೂರು’ ಎಂದಷ್ಟೇ ಬರೆದರೆ ಸಾಲದು. ನಾರಿಹಳ್ಳದ ದಂಡೆಗೂ ಕುಮಾರಸ್ವಾಮಿ ಬೆಟ್ಟದ ಕಾಡಿಗೂ ನೆರಳು, ತೇವ ಬೇರೆಬೇರೆ. ಮೀಸಲು ಅರಣ್ಯ ಮತ್ತು ದರೋಜಿ ಕರಡಿಧಾಮದಲ್ಲಿ ಅರಣ್ಯ ಇಲಾಖೆಯ ಅನುಮತಿಯಿಲ್ಲದೆ ಒಂದು ಹುಳವನ್ನೂ ತೆಗೆಯುವಂತಿಲ್ಲ. ಹಂಪಿಯ ಸ್ಮಾರಕಗಳ ಆವರಣದಲ್ಲಿ ಕಲ್ಲು ಮುಟ್ಟುವಂತಿಲ್ಲ. ಅಲ್ಲಿ ಲೆನ್ಸ್ ಮತ್ತು ಕ್ಯಾಮೆರಾ ಮಾತ್ರ. ಹೊಲ ತೋಟಗಳಲ್ಲಿ ಯಜಮಾನರನ್ನು ಕೇಳಿ ಒಳಗೆ ಹೋಗಿ, ಎತ್ತಿದ ಕಲ್ಲನ್ನು ಇದ್ದಂತೆಯೇ ಇಡಿ. ಒಂದು ಜಾಗದಿಂದ ಒಂದೆರಡು ಬಲಿತ ಗಂಡುಗಳನ್ನು ತೆಗೆದುಕೊಂಡು ಉಳಿದವನ್ನು ಎಣಿಸಿ ಅಲ್ಲೇ ಬಿಟ್ಟುಬನ್ನಿ, ಎಣಿಕೆಯನ್ನೂ ಚೀಟಿಯಲ್ಲಿ ಸೇರಿಸಿ.